ಬ್ರಷ್ಷಿಗೆ ಒಂದು ತೊಟ್ಟು ಎಣ್ಣೆ

ಮೆಡಿಕಲ್ ಕಾಲೇಜಿನ ಪ್ರಾಣಿಗೃಹದ ಬಾಗಿಲಿಗೆ ಅಂಟಿಸಿದ ಹಾಳೆಯಲ್ಲಿ ಹನ್ನೊಂದು ನಿಯಮಗಳಿದ್ದವು. ಒಳಗೆ ಬರುವವರು ಹೂ ಮುಡಿಯಬಾರದು, ಪೌಡರ್ ಬಳಿಯಬಾರದು, ಸೆಂಟ್ ಹಾಕಬಾರದು, ಹೊರಗಿನ ಚಪ್ಪಲಿ ಒಳಗೆ ತರಬಾರದು, ಗಟ್ಟಿಯಾಗಿ ಮಾತಾಡಬಾರದು, ಹೀಗೆ. ಕುಮುದಿನಿಗೆ ಹನ್ನೊಂದೂ ಬಾಯಿಪಾಠ. ಹನ್ನೆರಡು ವರ್ಷಗಳಲ್ಲಿ ಒಂದನ್ನೂ ಮುರಿದವಳಲ್ಲ. ಮದುವೆಮನೆಯಿಂದ ನೇರವಾಗಿ ಕೆಲಸಕ್ಕೆ ಬಂದ ದಿನ ಮುಡಿಯಲ್ಲಿದ್ದ ಮಲ್ಲಿಗೆಯ ಚೆಂಡನ್ನು ಬಿಚ್ಚಿ ಗೇಟಿನ ವಾಚ್‌ಮನ್ ಕೈಗೆ ಕೊಟ್ಟು ಒಳಗೆ ಹೋದವಳು. ಬೆಳಿಗ್ಗೆ ಬಂಗುಡೆ ಮೀನು ಕೊಯ್ದಿದ್ದರೆ ಕೈಗೆ ಮೂರು ಸಲ ಸೋಪು, ಒಂದು ಸಲ ಲಿಂಬೆ. ಆದರೆ ಆ ಹನ್ನೊಂದರಲ್ಲಿ ತೆಂಗಿನೆಣ್ಣೆಯ ಮಾತೇ ಇರಲಿಲ್ಲ. ಬರೆದವರಿಗೆ ಹೊಳೆದಿರಲಿಲ್ಲ, ಅಷ್ಟೆ. ಇಲ್ಲಿ ಹೇಳಹೊರಟಿರುವ ಇಡೀ ಅವಾಂತರ ಹುಟ್ಟಿದ್ದು ಆ ಒಂದು ಮರೆವಿನಿಂದ.

ಕುಮುದಿನಿ ಮಂಗಳೂರಿನ ಕುದ್ರೋಳಿಗೆ ತಾಗಿಕೊಂಡಿರುವ ಬೊಕ್ಕಪಟ್ಣದ, ಮೀನುಗಾರ ಮೊಗವೀರರ ಹೆಂಗಸು. ವಯಸ್ಸು ನಲವತ್ತೊಂಬತ್ತು. ಗಂಡ ಲೀಲಾಧರ ಮೀನಿನ ಬೋಟುಗಳು ನಿಲ್ಲುವ ದಕ್ಕೆಯಲ್ಲಿ ಎಂಜಿನ್ ರಿಪೇರಿ ಮಾಡುತ್ತಾನೆ. ಮಕ್ಕಳಾಗಲಿಲ್ಲ. ಅದಕ್ಕಾಗಿ ಅಳಬೇಕಾದದ್ದನ್ನೆಲ್ಲ ಅವಳು ಅತ್ತು ಮುಗಿಸಿ ಬಹಳ ವರ್ಷವಾಯಿತು, ನಾವೂ ಕೆದಕುವುದು ಬೇಡ. ಹತ್ತನೆಯ ತರಗತಿಯವರೆಗೆ ಓದಿ, ಕೆಲವು ವರ್ಷ ಮೀನಿನ ಶೆಡ್ಡಿನಲ್ಲಿ ಸಿಗಡಿ ಸುಲಿದು, ಆಮೇಲೆ ಈ ಮೆಡಿಕಲ್ ಕಾಲೇಜಿನಲ್ಲಿ ಅಟೆಂಡರ್ ಆಗಿ ಸೇರಿದಳು. ಪ್ರಾಣಿಗೃಹಕ್ಕೆ ಯಾರೂ ಒಪ್ಪದಿದ್ದಾಗ ಇವಳು ಹೋಗುತ್ತೇನೆ ಎಂದಳು. ಸಿಗಡಿಗಿಂತ ಇಲಿ ವಾಸಿ ಎಂಬುದು ಆಗಿನ ಲೆಕ್ಕಾಚಾರ.

ಇಲಿ ಎಂದ ಕೂಡಲೇ ಮೂಗು ಮುರಿಯಬೇಡಿ. ಮೋರಿಯ ಹೆಗ್ಗಣಕ್ಕೂ ಇವಕ್ಕೂ ಸಂಬಂಧವಿಲ್ಲ. ಬಿಳಿ ಮೈ, ಕೆಂಪು ಕಣ್ಣು. ಇಪ್ಪತ್ತೆರಡು ಡಿಗ್ರಿಯ ಏಸಿ, ಹನ್ನೆರಡು ಗಂಟೆ ಬೆಳಕು, ಹನ್ನೆರಡು ಗಂಟೆ ಕತ್ತಲೆ, ವಾರಕ್ಕೆ ಎರಡು ಸಲ ಹೊಸ ಭತ್ತದ ಹೊಟ್ಟು. ಲೀಲಾಧರ ಹಾಸ್ಯಕ್ಕೆ ಹೇಳುತ್ತಿದ್ದ, ಮುಂದಿನ ಜನ್ಮದಲ್ಲಿ ನಿನ್ನ ಕಾಲೇಜಿನ ಇಲಿಯಾಗಿ ಹುಟ್ಟುತ್ತೇನೆ ಎಂದು. ಅವನಿಗೆ ಪೂರ್ತಿ ಗೊತ್ತಿರಲಿಲ್ಲ. ಪರೀಕ್ಷೆ ಮುಗಿದ ಮೇಲೆ ಆ ಇಲಿಗಳನ್ನು ಕೊಲ್ಲುತ್ತಾರೆ, ರಕ್ತ ಮತ್ತು ಮೆದುಳು ತೆಗೆದು ನೋಡುತ್ತಾರೆ, ಉಳಿದದ್ದನ್ನು ಹಳದಿ ಚೀಲಕ್ಕೆ ಹಾಕಿ ಬಾಯಿ ಕಟ್ಟುವ ಕೆಲಸವೂ ಕುಮುದಿನಿಯದೇ. ಮನೆಯಲ್ಲಿ ಅವಳು ಅದನ್ನು ಹೇಳುವವಳಲ್ಲ.

ಮನೆಯಲ್ಲಿ ಮೂರನೆಯವಳು ಕುಮುದಿನಿಯ ತಾಯಿ ಕಿನ್ನಿ, ಎಂಬತ್ತರ ಹತ್ತಿರದವಳು. ಊರಿಗೆಲ್ಲ ಕಿನ್ನಿಯಕ್ಕ. ಗಂಡ ಕಡಲಿಗೆ ಹೋದವನು ತಿರುಗಿ ಬರಲಿಲ್ಲ. ಆಗ ಕುಮುದಿನಿಗೆ ಮೂರು ತಿಂಗಳು. ಕಿನ್ನಿ ಅಂದಿನಿಂದ ಬಾಣಂತಿ ಮತ್ತು ಹಸುಗೂಸುಗಳನ್ನು ಎಣ್ಣೆ ಹಚ್ಚಿ ಮೀಯಿಸುವ ಕೆಲಸ ಹಿಡಿದಳು. ಹೆರಿಗೆಯಾದ ಮನೆಗೆ ನಲವತ್ತು ದಿನ ತಪ್ಪದೆ ಹೋಗಬೇಕು. ಹಿಂದೂಗಳ ಮನೆ, ಬ್ಯಾರಿಗಳ ಮನೆ, ಕ್ರಿಶ್ಚಿಯನ್ನರ ಮನೆ ಎಂಬ ಭೇದವಿಲ್ಲ. ಹೊರಗೆ ಕೂತಿದ್ದಾಗ ರಸ್ತೆಯಲ್ಲಿ ಹೋಗುವ ಐವತ್ತು ವರ್ಷದ ಗಂಡಸನ್ನು ತೋರಿಸಿ, ಆ ಮೂಗನ್ನು ತಿದ್ದಿ ಉದ್ದ ಮಾಡಿದ್ದು ನಾನು ಎನ್ನುವಳು. ಮೂಗಿನ ಯಜಮಾನನಿಗೆ ಪಾಪ ಅದರ ಅರಿವೇ ಇರುವುದಿಲ್ಲ.

ಕುಮುದಿನಿಗೆ ತಾಯಿಯ ಮೇಲೆ ಒಂದು ಹಳೆಯ ಮುನಿಸಿತ್ತು. ನಸುಕಿಗೆ ಹೊರಟು ಸಂಜೆ ಬರುವ ತಾಯಿ. ಬಂದವಳು ಗೋಡೆಗೆ ಒರಗಿ ಕೂತರೆ ಕೈ ಎತ್ತಲೂ ತ್ರಾಣವಿಲ್ಲ. ಮಗಳ ತಲೆ ಬಾಚುತ್ತಿದ್ದದ್ದು ಅಜ್ಜಿ, ಜ್ವರ ಬಂದರೆ ಪಕ್ಕದಲ್ಲಿ ಮಲಗುತ್ತಿದ್ದದ್ದೂ ಅಜ್ಜಿ. ಶಾಲೆಗೆ ರಜೆಯಿದ್ದ ದಿನ ಕುಮುದಿನಿ ತಾಯಿಯ ಜೊತೆ ಮನೆಮನೆಗೆ ಹೋಗಿ, ಬಿಸಿನೀರು ತಂದುಕೊಟ್ಟು, ಬಚ್ಚಲಿನ ಬಾಗಿಲಲ್ಲಿ ಕೂರುತ್ತಿದ್ದಳು. ಕಂಡವರ ಮಕ್ಕಳ ಮೈಮೇಲೆ ತಾಯಿಯ ಕೈ ಓಡಾಡುವುದನ್ನು ನೋಡುತ್ತಿದ್ದಳು. ಊರ ಮಕ್ಕಳನ್ನೆಲ್ಲ ಸವರಿದ ಕೈ ತನ್ನೊಬ್ಬಳಿಗೆ ಸಿಗಲಿಲ್ಲ ಎಂಬುದು ಅವಳ ಹೊಟ್ಟೆಯೊಳಗೆ ಹಾಗೇ ಉಳಿದುಬಿಟ್ಟಿತ್ತು.

ನಜ್ಲಾ ಎಂಬ ಹುಡುಗಿ ಸಂಶೋಧನೆಗೆಂದು ಬಂದದ್ದು ಮೂರು ವರ್ಷದ ಹಿಂದೆ. ಚುರುಕು, ಸ್ವಲ್ಪ ಗಡಿಬಿಡಿ, ಇಲಿಯ ರೋಮ ತಾಗಿದರೆ ಸಾಲಾಗಿ ಹನ್ನೆರಡು ಸೀನು. ಸೀನುವವಳು ಇಲಿಯ ಮೇಲೆಯೇ ಯಾಕೆ ಸಂಶೋಧನೆ ಮಾಡಬೇಕು ಎಂದರೆ ಉತ್ತರವಿಲ್ಲ. ಅವಳ ವಿಷಯ ಇದು: ಹುಟ್ಟಿದ ಮರಿಯನ್ನು ದಿನಕ್ಕೆ ಮೂರು ಗಂಟೆ ತಾಯಿಯಿಂದ ಬೇರೆ ಇಟ್ಟರೆ, ಅದು ಬೆಳೆದ ಮೇಲೆ ಪುಕ್ಕಲಾಗುತ್ತದೆ ಎಂದು ಬೇರೆ ದೇಶದವರು ಮೊದಲೇ ಕಂಡುಕೊಂಡಿದ್ದಾರೆ. ಹಾಗೆ ಬೇರೆಯಿಟ್ಟ ಹೊತ್ತಿನಲ್ಲಿ ಮೆತ್ತನೆಯ ಬ್ರಷ್ಷಿನಿಂದ ಮೈ ಸವರಿದರೆ ಆ ಪುಕ್ಕಲುತನ ತಪ್ಪುತ್ತದೆಯೇ? ತಾಯಿಯ ಬದಲಿಗೆ ಬರೀ ಸ್ಪರ್ಶ ಸಾಕಾಗುತ್ತದೆಯೇ?

ಅದಕ್ಕೆ ಮೂರು ಗುಂಪು. ಒಂದು ಗುಂಪಿನ ಮರಿಗಳು ತಾಯಿಯ ಹತ್ತಿರವೇ ಇರುತ್ತವೆ. ಎರಡನೆಯ ಗುಂಪಿನವನ್ನು ಎರಡನೆಯ ದಿನದಿಂದ ಹದಿನಾಲ್ಕನೆಯ ದಿನದವರೆಗೆ ಮೂರು ಮೂರು ಗಂಟೆ ಎತ್ತಿ ಬೆಚ್ಚಗಿನ ಪ್ಯಾಡಿನ ಮೇಲೆ ಇಡುವುದು. ಮೂರನೆಯ ಗುಂಪಿನವನ್ನೂ ಹಾಗೆಯೇ ಇಟ್ಟು, ಚಿತ್ರ ಬರೆಯುವ ಬ್ರಷ್ಷಿನಿಂದ ಸವರುವುದು. ನಜ್ಲಾಳ ಗೈಡ್ ಡಾಕ್ಟರ್ ಚಿತ್ತರಂಜನ ಎಂಬವರು, ಸವರುವ ಕೈ ಒಂದೇ ಆಗಿರಬೇಕು ಎಂದಿದ್ದರು. ನಜ್ಲಾ ಸೀನುತ್ತಾಳೆ. ಇನ್ನೊಬ್ಬ ಅಟೆಂಡರ್ ಮುಖೇಶನದು ಒರಟು ಕೈ. ಹಾಗಾಗಿ ಕೆಲಸ ಕುಮುದಿನಿಯ ಪಾಲಿಗೆ ಬಂತು. ನಜ್ಲಾ ಗಾಜಿನ ಆಚೆ ಕೂತು ಗಡಿಯಾರ ನೋಡಿ ಬರೆದುಕೊಳ್ಳುವಳು.

ಎರಡು ದಿನದ ಮರಿ ಎಂದರೆ ಸುಲಿದ ಸಿಗಡಿಯಷ್ಟು ಇರುತ್ತದೆ. ಕಣ್ಣು ತೆರೆದಿರುವುದಿಲ್ಲ, ರೋಮವಿಲ್ಲ, ಹೊಟ್ಟೆಯೊಳಗಿನ ಹಾಲು ಹೊರಗಿನಿಂದಲೇ ಬೆಳ್ಳಗೆ ಕಾಣುತ್ತದೆ. ಮೊದಲ ದಿನ ಕುಮುದಿನಿ ಹೇಳಿದ ಹಾಗೆ ಒಣ ಬ್ರಷ್ಷಿನಿಂದ ಸವರಿದಳು. ಬೆನ್ನಿನ ಮೇಲೆ ಕೆಂಪು ಗೀರು ಎದ್ದ ಹಾಗೆ ಕಂಡಿತು. ಎಣ್ಣೆಯಿಲ್ಲದೆ ಹಸುಗೂಸಿನ ಮೈ ಉಜ್ಜುವುದುಂಟೇ? ಬುದ್ಧಿಯಿದ್ದವರು ಮಾಡುವ ಕೆಲಸವೇ ಅದು? ಮರುದಿನ ಕಣ್ಣಿನ ಔಷಧಿಯ ಖಾಲಿ ಸೀಸೆಯೊಂದನ್ನು ತೊಳೆದು, ಕುದಿಸಿ, ಒಣಗಿಸಿ, ಕಂಕನಾಡಿ ಮಾರ್ಕೆಟ್ಟಿನಿಂದ ತಂದಿದ್ದ ಗಾಣದ ತೆಂಗಿನೆಣ್ಣೆ ತುಂಬಿ ಏಪ್ರನ್ನಿನ ಕಿಸೆಗೆ ಹಾಕಿಕೊಂಡು ಬಂದಳು. ಎಂಟು ಮರಿಗೆ ಬ್ರಷ್ಷಿನ ತುದಿಯಲ್ಲಿ ಒಂದೇ ತೊಟ್ಟು.

ಅವಳು ಅದನ್ನು ಮುಚ್ಚಿಡಲಿಲ್ಲ, ಹೇಳಲೂ ಇಲ್ಲ. ಅನ್ನಕ್ಕೆ ಇಟ್ಟವಳು ನೀರು ಹಾಕಿದೆ ಎಂದು ಬಂದು ವರದಿ ಒಪ್ಪಿಸುತ್ತಾಳೆಯೇ? ಅವಳ ಪಾಲಿಗೆ ಇದೂ ಅಷ್ಟೇ. ವಾಸನೆಯಿಂದ ಯಾರಿಗಾದರೂ ಗೊತ್ತಾಗಬಹುದಿತ್ತಲ್ಲ ಎಂದರೆ, ಮಂಗಳೂರಿನಲ್ಲಿ ತೆಂಗಿನೆಣ್ಣೆಯ ವಾಸನೆಯನ್ನು ವಾಸನೆ ಎಂದು ಯಾರು ಲೆಕ್ಕಕ್ಕೆ ಹಿಡಿಯುತ್ತಾರೆ? ನಜ್ಲಾಳ ಜಡೆಯಲ್ಲೇ ಅದು ಉಂಟು. ಮರಿಗಳನ್ನು ಗೂಡಿಗೆ ಬಿಟ್ಟ ಗಂಟೆಯೊಳಗೆ ತಾಯಿ ಇಲಿ ಎಲ್ಲವನ್ನೂ ನೆಕ್ಕಿ ಒಣಗಿಸಿಬಿಡುತ್ತಿತ್ತು.

ಸವರುವಾಗ ಕುಮುದಿನಿ ಬಾಯೊಳಗೇ ತುಳುವಿನಲ್ಲಿ ಎಣಿಸುತ್ತಿದ್ದಳು. ಒಂಜಿ, ರಡ್ಡ್, ಮೂಜಿ, ಹೀಗೆ ಏಳರವರೆಗೆ. ಬೆನ್ನಿಗೆ ಏಳು, ಮಗುಚಿ ಹೊಟ್ಟೆಗೆ ಏಳು, ಆಮೇಲೆ ಮುಂದಿನ ಮರಿ. ಏಳೇ ಯಾಕೆ ಎಂದು ನಜ್ಲಾ ಒಮ್ಮೆ ಕೇಳಿದ್ದಳು. ಗೊತ್ತಿಲ್ಲ, ಕೈಗೆ ಹಾಗೇ ಬರುತ್ತದೆ ಎಂದಳು ಕುಮುದಿನಿ. ಗಡಿಯಾರದ ಲೆಕ್ಕಕ್ಕೂ ಅದು ಸರಿಹೊಂದುತ್ತಿದ್ದ ಕಾರಣ ನಜ್ಲಾ ಮುಂದೆ ಕೇಳಲಿಲ್ಲ.

ಎರಡು ತಿಂಗಳಾದ ಮೇಲೆ ಬೆಳೆದ ಇಲಿಗಳ ಪರೀಕ್ಷೆ. ನೆಲದಿಂದ ಎತ್ತರದಲ್ಲಿ ಅಧಿಕ ಚಿಹ್ನೆಯ ಆಕಾರದ ಒಂದು ಹಲಗೆ. ನಾಲ್ಕು ತೋಳುಗಳಲ್ಲಿ ಎರಡಕ್ಕೆ ಗೋಡೆಯುಂಟು, ಎರಡಕ್ಕೆ ಇಲ್ಲ. ಪುಕ್ಕಲು ಇಲಿ ಗೋಡೆಯ ಸಂದಿಯಲ್ಲೇ ಮುದುಡಿ ಕೂರುತ್ತದೆ. ಧೈರ್ಯವಿದ್ದದ್ದು ತೆರೆದ ತೋಳಿಗೆ ಬಂದು ತುದಿಯಲ್ಲಿ ಬಗ್ಗಿ ಕೆಳಗೆ ನೋಡುತ್ತದೆ. ತಾಯಿಯಿಂದ ಬೇರೆ ಇಟ್ಟಿದ್ದವು ನಿರೀಕ್ಷಿಸಿದಂತೆ ಮೂಲೆ ಹಿಡಿದವು. ಕುಮುದಿನಿ ಸವರಿದವು ಮಾತ್ರ, ಯಾವತ್ತೂ ತಾಯಿಯನ್ನು ಬಿಟ್ಟಿರದ ಇಲಿಗಳಿಗಿಂತ ಒಂದು ಕೈ ಮೇಲೆಯೇ. ಒಂದಂತೂ ತೆರೆದ ತೋಳಿನ ತುದಿಯಲ್ಲಿ ಕೂತು ಆರಾಮಾಗಿ ಮೀಸೆ ತೊಳೆದುಕೊಂಡಿತು.

ನಜ್ಲಾ ಕುಣಿದಾಡುವುದೊಂದು ಬಾಕಿ. ಕುಮುದಿನಿಯನ್ನೂ ಮುಖೇಶನನ್ನೂ ಐಸ್‌ಕ್ರೀಮ್ ಅಂಗಡಿಗೆ ಕರೆದುಕೊಂಡು ಹೋಗಿ ಗಡ್‌ಬಡ್ ತಿನ್ನಿಸಿದಳು. ತಿಂಗಳೊಳಗೆ ಪ್ರಬಂಧದ ಕರಡು ಬರೆದು, ಕೃತಜ್ಞತೆಯ ಪುಟವನ್ನು ತಂದು ಕುಮುದಿನಿಗೆ ತೋರಿಸಿದಳು. ಇಂಗ್ಲಿಷಿನ ಸಾಲುಗಳ ನಡುವೆ ಕುಮುದಿನಿ ತನ್ನ ಹೆಸರನ್ನು ಬೆರಳಿಟ್ಟು ಹುಡುಕಿದಳು. 'ಕುಮುದಿನಿಯವರ ನುರಿತ ಕೈಗಳಿಗೆ' ಎಂದು ಆ ಸಾಲಿನ ಅರ್ಥ.

ರೇಷನ್ ಕಾರ್ಡು, ಆಧಾರ್ ಕಾರ್ಡು ಬಿಟ್ಟರೆ ಅವಳ ಹೆಸರು ಅಚ್ಚಾದದ್ದು ಅದೇ ಮೊದಲು. ಮೊಬೈಲಿನಲ್ಲಿ ಫೋಟೋ ತೆಗೆದುಕೊಂಡಳು. ಬಸ್ಸಿನಲ್ಲಿ ಪಕ್ಕ ಕೂತವರಿಗೆ ತೋರಿಸಿದಳು. ಲೀಲಾಧರ ದಕ್ಕೆಯಲ್ಲಿ ಇಡೀ ಬೋಟಿನವರಿಗೆ ತೋರಿಸಿ ಬಂದ. ಕಿನ್ನಿ ಮಾತ್ರ ಫೋಟೋವನ್ನು ದೂರ ಹಿಡಿದು, ಹತ್ತಿರ ಹಿಡಿದು, ಇಲಿಗೆ ಯಾಕಮ್ಮ ಇದೆಲ್ಲ ಎಂದಳು. ಆದರೂ ಪಕ್ಕದ ಮನೆಯವಳಿಗೆ ನನ್ನ ಮಗಳಿಗೂ ಕೈಗುಣ ಉಂಟು ಎಂದು ಹೇಳುತ್ತಿದ್ದದ್ದು ಕುಮುದಿನಿಯ ಕಿವಿಗೆ ಬಿತ್ತು. ತಾಯಿಯ ಬಾಯಿಂದ ಅಷ್ಟು ಮಾತು ಅವಳು ಕೇಳಿದ್ದೂ ಅದೇ ಮೊದಲು. ಪುಸ್ತಕ ಬೈಂಡ್ ಆಗಿ ಬರಲಿ, ಒಂದು ಪ್ರತಿ ಕೇಳಿ ತಂದು ದೇವರ ಫೋಟೋದ ಹತ್ತಿರ ಇಡಬೇಕು ಎಂದು ಮನಸ್ಸಿನಲ್ಲೇ ಜಾಗ ಗೊತ್ತುಮಾಡಿದಳು.

ಚಿತ್ತರಂಜನರಿಗೆ ಫಲಿತಾಂಶ ಅಷ್ಟು ಚೆನ್ನಾಗಿ ಬಂದದ್ದೇ ಕಿರಿಕಿರಿಯಾಯಿತು. ಇಷ್ಟು ನುಣ್ಣಗೆ ಬಂದರೆ ನಂಬಲಿಕ್ಕೆ ಕಷ್ಟ, ಇನ್ನೊಂದು ಸರ್ತಿ ಮಾಡಿ ಎಂದರು. ಎರಡನೆಯ ಸರ್ತಿಯ ಮರಿಗಳು ಹುಟ್ಟಿದ ದಿನವೇ ಕಿನ್ನಿ ಬಚ್ಚಲಲ್ಲಿ ಜಾರಿ ಬಿದ್ದು ಸೊಂಟದ ಎಲುಬು ಮುರಿದುಕೊಂಡಳು. ಕಂಕನಾಡಿಯ ಆಸ್ಪತ್ರೆಯಲ್ಲಿ ಆಪರೇಷನ್. ಕುಮುದಿನಿ ಹದಿನಾರು ದಿನ ರಜೆ ಹಾಕಿದಳು. ಬ್ರಷ್ಷು ಮುಖೇಶನ ಕೈಗೆ ಹೋಯಿತು.

ಎರಡು ತಿಂಗಳ ನಂತರ ನೋಡಿದರೆ, ಸವರಿದ ಇಲಿಗಳೂ ಸವರದ ಇಲಿಗಳೂ ಒಂದೇ. ಎಲ್ಲವೂ ಗೋಡೆಯ ಸಂದಿಯಲ್ಲಿ.

ಚಿತ್ತರಂಜನರು ನಜ್ಲಾಳನ್ನು ಕರೆಸಿದಾಗ ಕುಮುದಿನಿ ಅದೇ ಕೋಣೆಯ ಮೂಲೆಯಲ್ಲಿ ಖಾಲಿ ಗೂಡುಗಳನ್ನು ಜೋಡಿಸುತ್ತಿದ್ದಳು. ಅಟೆಂಡರುಗಳು ಇದ್ದಾರೆಂಬುದು ದೊಡ್ಡವರಿಗೆ ಮರೆತುಹೋಗುತ್ತದೆ. ಚಿತ್ತರಂಜನರು ಕೂಗಾಡುವ ಮನುಷ್ಯರಲ್ಲ. ತಣ್ಣಗೆ ಕೇಳಿದರು.

"ಮೊದಲ ಸರ್ತಿಯ ಅಂಕಿಗಳು ಎಲ್ಲಿಂದ ಬಂದವು, ಹೇಳಿ."

"ಇಲಿಗಳಿಂದ ಸರ್," ಎಂದಳು ನಜ್ಲಾ.

ಅವರು ಒಂದು ವಾರ ಕೊಟ್ಟರು. ಅಷ್ಟರಲ್ಲಿ ಕಾರಣ ಸಿಗದಿದ್ದರೆ ಸಮಿತಿಗೆ ಬರೆಯಬೇಕಾಗುತ್ತದೆ ಎಂದರು. ಸಮಿತಿಗೆ ಬರೆದರೆ ಸುಳ್ಳು ಅಂಕಿ ಕಟ್ಟಿದವಳು ಎಂಬ ಹೆಸರು ಅಂಟಿಕೊಳ್ಳುತ್ತದೆ, ಮತ್ತೆ ಎಲ್ಲಿಯೂ ಸಂಶೋಧನೆ ಮಾಡಲಾಗುವುದಿಲ್ಲ. ನಜ್ಲಾ ಗೂಡು ತೊಳೆಯುವ ಕೋಣೆಗೆ ಹೋಗಿ ಗೋಡೆಯ ಕಡೆ ಮುಖ ಮಾಡಿ ಅತ್ತಳು. ಕುಮುದಿನಿ ನಲ್ಲಿಯನ್ನು ಜೋರಾಗಿ ಬಿಟ್ಟಳು, ಹೊರಗಿನವರಿಗೆ ಕೇಳದಿರಲಿ ಎಂದು.

ನಿಜ ಹೇಳಬೇಕಲ್ಲ. ಆ ಅಳುವಿನ ನಡುವೆಯೂ ಕುಮುದಿನಿಯ ಒಳಗೆ ಎಲ್ಲೋ ಒಂದು ಕಡೆ ಹಿಗ್ಗು ಇತ್ತು. ಮುಖೇಶನ ಕೈಯಲ್ಲಿ ಆಗದ್ದು ತನ್ನ ಕೈಯಲ್ಲಿ ಆಗಿತ್ತು. ಕೈಗುಣ ಎಂದರೆ ಇದೇ ಅಲ್ಲವೇ? ಆ ಹಿಗ್ಗಿನಲ್ಲೇ ಮಧ್ಯಾಹ್ನ ಊಟದ ಹೊತ್ತಿಗೆ ಮುಖೇಶನನ್ನು ಚುಡಾಯಿಸಿದಳು, ಮರಿಗಳನ್ನು ನೀನು ಬೋಟು ತೊಳೆದ ಹಾಗೆ ಉಜ್ಜಿದ್ದೀಯೋ ಏನೋ ಎಂದು. ಅವನಿಗೆ ಸಿಟ್ಟು ಬಂತು. ಹೇಳಿದಷ್ಟೇ ಮಾಡಿದ್ದೇನೆ, ಮೈ ಒಣಗಿ ಹೊಟ್ಟು ಏಳುತ್ತಿತ್ತು, ಆದರೂ ಒಂದು ದಿನ ತಪ್ಪಿಸಿಲ್ಲ ಎಂದ.

"ಹೊಟ್ಟು ಯಾಕೆ ಏಳ್ತದೆ? ನೀನು ಎಣ್ಣೆ ಎಷ್ಟು ಹಾಕ್ತಿದ್ದಿ?" ಎಂದಳು ಕುಮುದಿನಿ.

"ಎಣ್ಣೆಯಾ? ಎಂತ ಎಣ್ಣೆ ಅಕ್ಕ? ಹಾಳೆಯಲ್ಲಿ ಬ್ರಷ್ ಅಂತ ಮಾತ್ರ ಉಂಟಲ್ಲ."

ಕೈಯಲ್ಲಿದ್ದ ತುತ್ತು ಕೈಯಲ್ಲೇ ಉಳಿಯಿತು. ಮೀನು ಸಾರಿನ ಅನ್ನ ಆ ದಿನ ಅವಳಿಗೆ ಸೇರಲಿಲ್ಲ.

ಎರಡು ದಿನ ಅವಳು ಅದನ್ನು ಹೊತ್ತು ತಿರುಗಿದಳು. ಎಣ್ಣೆಯ ವಿಷಯ ಅವಳ ಹೊರತು ಯಾರಿಗೂ ಗೊತ್ತಿರಲಿಲ್ಲ. ಮುಖೇಶ ಒಂದು ಕಿವಿಯಲ್ಲಿ ಕೇಳಿ ಇನ್ನೊಂದರಲ್ಲಿ ಬಿಟ್ಟಿದ್ದ. ಸೀಸೆಯನ್ನು ಮೋರಿಗೆ ಎಸೆದರೆ ಮುಗಿಯಿತು. ಪುಸ್ತಕದಲ್ಲಿ ಹೆಸರು ಇರುತ್ತದೋ ಇಲ್ಲವೋ, ಕೈಗುಣದ ಮಾತಂತೂ ಉಳಿಯುತ್ತದೆ. ಹೇಳಿದರೆ ಎರಡೂ ಹೋಗುತ್ತವೆ, ಬಹುಶಃ ಕೆಲಸವೂ. ಬಸ್ಸಿನಲ್ಲಿ ಮೊಬೈಲ್ ತೆಗೆದು ಆ ಫೋಟೋವನ್ನು ನೋಡಿದಳು. ನುರಿತ ಕೈಗಳು ಎಂಬ ಸಾಲು ಅಲ್ಲೇ ಇತ್ತು. ಅದರ ಕೆಳಗೆ ಪ್ರಬಂಧ ಬರೆದವಳ ಹೆಸರೂ ಇತ್ತು, ನಜ್ಲಾ. ಮೊದಲು ನೋಡುವಾಗ ಅವಳ ಕಣ್ಣು ಅಷ್ಟು ಕೆಳಗೆ ಹೋಗಿರಲೇ ಇಲ್ಲ.

ಮರುದಿನ ಬೆಳಿಗ್ಗೆ ಚಿತ್ತರಂಜನರ ಕೋಣೆಗೆ ಹೋದಳು. ನಜ್ಲಾ ಕಡತಗಳನ್ನು ಹರಡಿಕೊಂಡು ಎದುರು ಕೂತಿದ್ದಳು. ಕುಮುದಿನಿ ಕಿಸೆಯಿಂದ ಸೀಸೆ ತೆಗೆದು ಮೇಜಿನ ಮೇಲೆ ಇಟ್ಟಳು.

"ಸರ್, ನಾನು ಬ್ರಷ್ಷಿಗೆ ಇದನ್ನು ಹಾಕ್ತಿದ್ದೆ. ತೆಂಗಿನೆಣ್ಣೆ. ಮುಖೇಶ ಹಾಕಿಲ್ಲ. ಮೇಡಂಗೆ ಗೊತ್ತಿಲ್ಲ."

ಅವರು ಮುಚ್ಚಳ ತೆರೆದು ಮೂಸಿದರು. ಎಷ್ಟು ದಿನ ಎಂದು ಕೇಳಿದರು. ಮೊದಲ ದಿನ ಬಿಟ್ಟು ಹನ್ನೆರಡು ದಿನವೂ ಎಂದಳು. ಅವರು ಸೀಸೆಯನ್ನು ಡ್ರಾಯರಿನಲ್ಲಿಟ್ಟು ಬೀಗ ಹಾಕಿದರು. ನಜ್ಲಾಳ ಮುಖದಲ್ಲಿ ಮೊದಲು ಬಂದದ್ದು ಉಸಿರು ಹೊರಬಿಟ್ಟ ಸಮಾಧಾನ, ಅದರ ಬೆನ್ನಿಗೇ ಬೆಂಕಿಯಂಥ ಕೋಪ.

"ಎರಡು ವರ್ಷದ ಕೆಲಸ ಕುಮುದಕ್ಕ. ಒಂದು ಮಾತು ಹೇಳ್ಬಹುದಿತ್ತಲ್ಲ?"

"ಅದು ಹೇಳುವಂಥ ವಿಷಯ ಅಂತಲೇ ನನಗೆ ಗೊತ್ತಾಗ್ಲಿಲ್ಲ," ಎಂದಳು ಕುಮುದಿನಿ. ಅವಳಲ್ಲಿ ಇದ್ದದ್ದು ಆ ಒಂದೇ ಉತ್ತರ, ಅದು ನಿಜವೂ ಆಗಿತ್ತು.

ಕೆಲಸ ಹೋಗಲಿಲ್ಲ, ಮೆಮೋ ಬಂತು. ಇಲಿಯ ಕೋಣೆಗೆ ಕಾಲಿಡಬಾರದು, ಗೂಡು ತೊಳೆಯುವ ಕೆಲಸ ಮಾತ್ರ. ಬಾಗಿಲಿನ ಹಾಳೆಯಲ್ಲಿ ಹನ್ನೆರಡನೆಯ ನಿಯಮವೊಂದು ಬಂತು, ಎಣ್ಣೆಯದು. ನಜ್ಲಾ ಒಂಬತ್ತು ದಿನ ಅವಳ ಹತ್ತಿರ ಮಾತಾಡಲಿಲ್ಲ. ಎದುರು ಸಿಕ್ಕಿದರೆ ಮೊಬೈಲ್ ನೋಡುತ್ತ ಹೋಗುವಳು. ಕುಮುದಿನಿಗೆ ಮೆಮೋಗಿಂತ ಅದೇ ಹೆಚ್ಚು ನೋವಾಯಿತು.

ಗೂಡು ತೊಳೆಯುವ ಕೆಲಸದಲ್ಲಿ ಕೈಗೆ ಕೆಲಸ, ತಲೆಗೆ ಬಿಡುವು. ಆ ಬಿಡುವಿನಲ್ಲಿ ಅವಳಿಗೆ ಕುದ್ರೋಳಿಯ ಒಂದು ಮನೆ ನೆನಪಾಯಿತು. ಹತ್ತು ವರ್ಷದ ಹುಡುಗಿಯಾಗಿದ್ದಾಗ ತಾಯಿಯ ಜೊತೆ ಹೋಗಿದ್ದ ಮನೆ. ಅಲ್ಲಿನ ಬಾಣಂತಿ ಮಗುವಿನ ಕಡೆ ನೋಡುತ್ತಿರಲಿಲ್ಲ, ದಿನವಿಡೀ ಗೋಡೆಯ ಕಡೆ ತಿರುಗಿ ಮಲಗಿರುವಳು. ಮನೆಯವರು ಬೈದರು, ಅತ್ತರು, ಹರಕೆ ಹೇಳಿಕೊಂಡರು. ಕಿನ್ನಿ ಒಂದು ಮಾತೂ ಆಡಲಿಲ್ಲ. ದಿನಾ ಮೀಯಿಸಿದ ಮೇಲೆ, ಎಣ್ಣೆಯ ಪರಿಮಳ ಆರುವ ಮೊದಲು, ಮಗುವಿನ ನೆತ್ತಿಯನ್ನು ಆ ತಾಯಿಯ ಮೂಗಿನ ಹತ್ತಿರ ಹಿಡಿದು ಸ್ವಲ್ಪ ಹೊತ್ತು ಕೂರುವಳು. ಹನ್ನೊಂದನೆಯ ದಿನವೋ ಹನ್ನೆರಡನೆಯ ದಿನವೋ ಆಕೆ ಮೂಸಿದಳು, ಆಮೇಲೆ ಕೈ ಚಾಚಿ ಮಗುವನ್ನು ಎಳೆದುಕೊಂಡಳು.

ಹತ್ತನೆಯ ದಿನ ಕುಮುದಿನಿ ಕಾರಿಡಾರಿನಲ್ಲಿ ನಜ್ಲಾಳನ್ನು ಅಡ್ಡಗಟ್ಟಿ ಇದನ್ನು ಹೇಳಿದಳು. ನಜ್ಲಾ ಮುಖ ಗಂಟಿಕ್ಕಿಕೊಂಡೇ ಕೇಳಿದಳು.

"ಮರಿಯನ್ನು ಗೂಡಿಗೆ ಬಿಟ್ಟ ಮೇಲೆ ತಾಯಿ ಎಂತ ಮಾಡ್ತದೆ ಅಂತ ಕ್ಯಾಮರಾದಲ್ಲಿ ಉಂಟಲ್ಲ ಮೇಡಂ. ಒಮ್ಮೆ ನೋಡಿ. ಇಲಿಯಾದ್ರೂ ತಾಯಿಯೇ ಅಲ್ವಾ?" ಎಂದಳು ಕುಮುದಿನಿ.

ಕ್ಯಾಮರಾದಲ್ಲಿ ಇತ್ತು. ಗೂಡಿಗೆ ಬಿಟ್ಟ ನಂತರದ ಒಂದೊಂದು ಗಂಟೆಯನ್ನು ನಿಯಮದಂತೆ ರೆಕಾರ್ಡ್ ಮಾಡಿ, ಯಾರೂ ನೋಡದೆ ಹಾರ್ಡ್‌ಡಿಸ್ಕಿನಲ್ಲಿ ಇಟ್ಟಿದ್ದರು. ನಜ್ಲಾ ನಾಲ್ಕು ದಿನ ಕೂತು ನೋಡಿದಳು. ಮುಖೇಶನ ಒಣ ಮರಿಗಳನ್ನು ತಾಯಿ ಗಂಟೆಯಲ್ಲಿ ಹನ್ನೊಂದು ನಿಮಿಷ ನೆಕ್ಕಿತ್ತು. ಕುಮುದಿನಿಯ ಎಣ್ಣೆ ಮರಿಗಳನ್ನು ಮೂವತ್ತೆರಡು ನಿಮಿಷ. ಮೂಸಿ, ಎರಡು ಕೈಯಲ್ಲಿ ಹಿಡಿದು, ಮಗುಚಿ ಮಗುಚಿ ನೆಕ್ಕಿತ್ತು. ಎಣ್ಣೆ ಮುಗಿದ ಮೇಲೂ ಬಿಟ್ಟಿರಲಿಲ್ಲ.

ಚಿತ್ತರಂಜನರಿಗೆ ಕೋಪ ಬೇರೆ, ಕುತೂಹಲ ಬೇರೆ. ಅದು ಅವರ ದೊಡ್ಡ ಗುಣ. ಮೂರನೆಯ ಸರ್ತಿ ಹೊಸ ಗುಂಪುಗಳನ್ನು ಮಾಡಿಸಿದರು: ಬ್ರಷ್ಷು ಮಾತ್ರ, ಎಣ್ಣೆ ಮಾತ್ರ, ಎರಡೂ, ಎರಡೂ ಇಲ್ಲ. ಡ್ರಾಯರಿನ ಬೀಗ ತೆಗೆದು ಸೀಸೆಯನ್ನು ಹೊರಗಿಟ್ಟರು. ತೊಟ್ಟಿನ ಅಳತೆ ಬರೆಸಿ, ಸಹಿ ಹಾಕಿಸಿ, ಕುಮುದಿನಿಯನ್ನೇ ಒಳಗೆ ಕರೆಸಿದರು. ಎಣ್ಣೆಯ ವಿಷಯದಲ್ಲಿ ಈ ಕಟ್ಟಡದಲ್ಲಿ ಅನುಭವ ಇರುವುದು ನಿಮಗೊಬ್ಬರಿಗೆ ಎಂದರು. ಅದು ಹಂಗಿಸಿದ್ದೋ ಹೊಗಳಿದ್ದೋ ಅವಳಿಗೆ ತಿಳಿಯಲಿಲ್ಲ.

ಫಲಿತಾಂಶ ಬಂದಾಗ ನಜ್ಲಾ ಓಡಿ ಬಂದು ಹೇಳಿದಳು. ಬ್ರಷ್ಷು ಮುಟ್ಟದೆ ಬರೀ ಎಣ್ಣೆ ತಾಗಿಸಿ ಬಿಟ್ಟ ಮರಿಗಳೂ ತೆರೆದ ತೋಳಿಗೆ ಬಂದಿದ್ದವು. ಎಣ್ಣೆಯಿಲ್ಲದೆ ಸವರಿದವು ಸಂದಿಯಲ್ಲೇ ಕೂತಿದ್ದವು, ಅದೂ ಈ ಸಲ ಕುಮುದಿನಿಯ ಕೈ ಸವರಿದ್ದವೇ. ಧೈರ್ಯ ಕೊಟ್ಟದ್ದು ಬ್ರಷ್ಷಲ್ಲ, ಯಾರ ಕೈಯೂ ಅಲ್ಲ, ತಾಯಿಯ ನಾಲಿಗೆ. ನಜ್ಲಾಳಿಗೆ ಮೊದಲಿನದಕ್ಕಿಂತ ದೊಡ್ಡ ಪ್ರಬಂಧ ಸಿಕ್ಕಿತು. ಕುಮುದಿನಿ ಸಂತೋಷ ಎಂದಳು. ಸಂತೋಷವಾದದ್ದೂ ಹೌದು. ಆದರೆ ಕೈಗುಣ ಎಂ​ದುಕೊಂಡದ್ದು ಸುಳ್ಳಾಯಿತಲ್ಲ, ಅದಕ್ಕೆ ಒಳಗೊಳಗೇ ಸಂಕಟವಾಯಿತು.

ಹೊಸ ಕರಡಿನಲ್ಲಿ 'ನುರಿತ ಕೈಗಳು' ಇರಲಿಲ್ಲ. ಇರುವಂತಿರಲಿಲ್ಲ. ಕೃತಜ್ಞತೆಯ ಪುಟದಲ್ಲಿ ಎಲ್ಲ ಸಿಬ್ಬಂದಿಗೂ ಸೇರಿಸಿ ಒಂದು ಸಾಲು. ಎಣ್ಣೆಯ ವಿಷಯ ಹೇಗೆ ಹೊರಬಂತು ಎಂಬುದನ್ನು ಮುಚ್ಚುಮರೆಯಿಲ್ಲದೆ ಬರೆಯಲೇಬೇಕು ಎಂದು ಚಿತ್ತರಂಜನರು ಹೇಳಿದ್ದರಿಂದ ನಜ್ಲಾ ಅದನ್ನು ನಲವತ್ತೇಳನೆಯ ಪುಟದಲ್ಲಿ ಬರೆದಿದ್ದಳು. ಮೊದಲ ಸರ್ತಿಯಲ್ಲಿ ಸಂಶೋಧಕಿಗೆ ತಿಳಿಯದಂತೆ ಒಬ್ಬ ಸಹಾಯಕರು ಬ್ರಷ್ಷಿಗೆ ತೆಂಗಿನೆಣ್ಣೆ ಹಾಕಿದ್ದರು, ಎಂದು. ನಿಮ್ಮ ಹೆಸರು ಹಾಕಿಲ್ಲ, ಹೆದರಬೇಡಿ ಎಂದಳು.

"ಹಾಕಿ," ಎಂದಳು ಕುಮುದಿನಿ.

ಅದು ತಪ್ಪು ನಡೆದ ಜಾಗ, ಅಲ್ಲಿ ಹೆಸರು ಬಂದರೆ ತಪ್ಪಿನ ಜೊತೆಯೇ ಉಳಿಯುತ್ತದೆ ಎಂದು ನಜ್ಲಾ ಬಿಡಿಸಿ ಹೇಳಿದಳು.

"ತಪ್ಪು ನನ್ನದೇ ಅಲ್ವಾ? ಒಬ್ಬ ಸಹಾಯಕರು ಅಂತ ಬರೆದ್ರೆ ಓದಿದವರು ಮುಖೇಶ ಅಂತ ತಿಳ್ಕೊಳ್ತಾರೆ. ಅವನಿಗೆ ಮುಂದಿನ ವರ್ಷ ಪರ್ಮನೆಂಟ್ ಆಗ್ಲಿಕ್ಕುಂಟು. ನನ್ನ ಹೆಸರು ಹಾಕಿ."

ನಜ್ಲಾ ಅಲ್ಲೇ ಲ್ಯಾಪ್‌ಟಾಪ್ ತೆರೆದು 'ಒಬ್ಬ ಸಹಾಯಕರು' ಎಂಬುದನ್ನು ಅಳಿಸಿ ಕುಮುದಿನಿ ಎಂದು ಬರೆದಳು.

ಮಳೆಗಾಲ ಮುಗಿಯುವ ಹೊತ್ತಿಗೆ ಪುಸ್ತಕ ಬೈಂಡ್ ಆಗಿ ಬಂತು. ನಜ್ಲಾ ಒಂದು ಪ್ರತಿ ತಂದು ಕೊಟ್ಟು, ನಲವತ್ತೇಳನೆಯ ಪುಟಕ್ಕೆ ಕಾಗದದ ಗುರುತು ಇಟ್ಟಿದ್ದಳು. ಆ ದಿನ ಸಂಜೆ ಕುಮುದಿನಿ ಅದನ್ನು ಮನೆಗೆ ತಂದು ತಾಯಿಯ ಮಂಚದ ಹತ್ತಿರ ಕೂತಳು. ಸೊಂಟ ಮುರಿದ ಮೇಲೆ ಕಿನ್ನಿ ಹೆಚ್ಚಾಗಿ ಮಂಚದಲ್ಲೇ. ಸಂಜೆ ಅವಳ ಕಾಲಿಗೆ ಎಣ್ಣೆ ಹಚ್ಚುವುದು ಕುಮುದಿನಿಯ ದಿನಚರಿ. ಒಂದು ಕೈಯಲ್ಲಿ ಪುಟ ತೋರಿಸಿ, ಎಲ್ಲ ಕಥೆಯನ್ನೂ ಮೊದಲಿಂದ ಹೇಳಿ, ಪುಸ್ತಕವನ್ನು ಬದಿಗಿಟ್ಟು ಕಾಲಿಗೆ ಎಣ್ಣೆ ಹಾಕಿದಳು. ತಾಯಿ ಮಗಳ ಮಾತು ತುಳುವಿನಲ್ಲಿ, ಇಲ್ಲಿ ಕನ್ನಡದಲ್ಲಿ ಹೇಳಬೇಕಷ್ಟೆ.

"ಎಣ್ಣೆ ಹಾಕ್ಲಿಕ್ಕೆ ಕಲಿಸಿದ್ದು ಯಾರು ಅಂತ ಬರ್ದಿದ್ದಾರಾ?" ಎಂದಳು ಕಿನ್ನಿ.

ಕುಮುದಿನಿಗೆ ಹಳೆಯ ಮುನಿಸು ನಾಲಗೆಗೆ ಬಂದುಬಿಟ್ಟಿತು.

"ನೀನೆಲ್ಲಿ ಕಲಿಸಿದ್ದಿ? ನಿನಗೆ ಪುರುಸೊತ್ತು ಎಲ್ಲಿತ್ತು? ಕಂಡವರ ಬಚ್ಚಲಿನ ಬಾಗಿಲಲ್ಲಿ ಕೂತು ನಾನೇ ನೋಡಿ ಕಲಿತದ್ದು."

ಕುಮುದಿನಿ ಮೊಣಕಾಲಿಂದ ಪಾದದವರೆಗೆ ಎಳೆದು ಉಜ್ಜುತ್ತಿದ್ದಳು, ತುಟಿ ತನ್ನಷ್ಟಕ್ಕೆ ಎಣಿಸುತ್ತಿತ್ತು. ಏಳಾದ ಮೇಲೆ ಇನ್ನೊಂದು ಕಾಲು ಹಿಡಿದು ಮತ್ತೆ ಒಂದರಿಂದ ಉಜ್ಜತೊಡಗಿದಳು.

"ಈ ಏಳು ಯಾವ ಬಚ್ಚಲಲ್ಲಿ ನೋಡಿದ್ದಿ?" ಎಂದು ಕೇಳಿದಳು ಕಿನ್ನಿ.

ಕುಮುದಿನಿ ತಲೆ ಎತ್ತಿದಳು. ನೆನಪಿನಲ್ಲಿ ಹುಡುಕಿದಳು. ಯಾವ ಮನೆಯಲ್ಲೂ ತಾಯಿ ಎಣಿಸಿದ್ದು ಅವಳಿಗೆ ಸಿಗಲಿಲ್ಲ.

"ಬೇರೆಯವರ ಮನೆಯಲ್ಲಿ ನಾನು ಎಣಿಸ್ಲಿಕ್ಕೇ ಇಲ್ಲ. ಅಲ್ಲಿ ಮಗು ನಿದ್ದೆ ಹೋಗುವವರೆಗೆ ಉಜ್ಜಬೇಕು," ಎಂದಳು ಕಿನ್ನಿ. "ಎಣಿಸಿದ್ದು ನಿನಗೆ ಮಾತ್ರ. ಐದು ಗಂಟೆಗೆ ಹೊರಡ್ಬೇಕಿತ್ತು ನನಗೆ. ಬೆನ್ನಿಗೆ ಏಳು, ಹೊಟ್ಟೆಗೆ ಏಳು. ಅಷ್ಟೇ ಸಮಯ ಇದ್ದದ್ದು. ಎರಡು ವರ್ಷ ತುಂಬುವವರೆಗೆ ಒಂದು ದಿನ ಬಿಟ್ಟಿಲ್ಲ. ನೀನು ನಿದ್ದೆಯಲ್ಲೇ ಇರ್ತಿದ್ದಿ, ನಿನಗೆಲ್ಲಿ ಗೊತ್ತಾಗ್ತದೆ. ಅದು ನೋಡಿ ಕಲಿತದ್ದಲ್ಲ ಮಗಾ."

ಕುಮುದಿನಿ ನಲವತ್ತೊಂಬತ್ತು ವರ್ಷ ಇಲ್ಲ ಇಲ್ಲ ಎಂದುಕೊಂಡು ಬಂದದ್ದು ತನ್ನ ಕೈಯಲ್ಲೇ ಇತ್ತು. ಅಳು ಬಂತು. ತಾಯಿಯ ಕಾಲನ್ನು ಹಿಡಿದುಕೊಂಡೇ ಅತ್ತಳು.

ಕಿನ್ನಿ ಕಾಲು ಅಲುಗಿಸಿದಳು.

"ಈ ಕಾಲಿಗೆ ಎಷ್ಟಾಯ್ತು?"

"ನಾಲ್ಕು," ಎಂದಳು ಕುಮುದಿನಿ. ಸೆರಗಿನಿಂದ ಮೂಗು ಒರೆಸಿಕೊಂಡು, ಐದರಿಂದ ಮುಂದುವರಿಸಿದಳು.